ನೋಡುವ ದವಾಖಾನೆಯಲ್ಲಿ ಇಪ್ಪತ್ತೆರಡು ವರ್ಷ

ಮದುವೆ ಮನೆಯಲ್ಲಿ ಪಂಕ್ತಿಗೆ ಕೂತಾಗ ಪಕ್ಕದವರು "ನೀವು ಏನ್ ಕೆಲಸಾ ಮಾಡ್ತಿದ್ರಿ?" ಎಂದು ಕೇಳಿದರೆ ನನಗೆ ಈಗಲೂ ಕೂಡಲೇ ಉತ್ತರ ಹೊಳೆಯುವುದಿಲ್ಲ. ಮಾಸ್ತರ ಆಗಿದ್ದೆ ಎಂದರೆ ಮಾತು ಮುಗಿಯುತ್ತದೆ, ತಲಾಠಿ ಆಗಿದ್ದೆ ಎಂದರೂ ಮುಗಿಯುತ್ತದೆ. ನಾನು ಇಪ್ಪತ್ತೆರಡು ವರ್ಷ ಪಗಾರ ತೆಗೆದುಕೊಂಡು ಮಾಡಿದ್ದೆಂದರೆ, ಕುರ್ಚಿಯ ಮೇಲೆ ಕೂತು ಎದುರಿಗೆ ಕೂತವರನ್ನು ನೋಡುವುದು. ಹಾಗೆಂದು ಹೇಳಿದರೆ ಕೇಳಿದವರು ಹೋಳಿಗೆ ಮುರಿಯುವುದನ್ನು ಬಿಟ್ಟು ನನ್ನನ್ನೇ ನೋಡತೊಡಗುತ್ತಾರೆ. ನನ್ನ ಹೆಂಡತಿ ಮಾಬೂಬಿ ಒಮ್ಮೆ ನೆರೆಮನೆಯವರಿಗೆ ಇನ್ನೂ ಸರಳವಾಗಿ ಹೇಳಿದ್ದಳು: "ಊರ ಮಂದಿ ಮಾರಿ ನೋಡಾಕ ಇವರಿಗೆ ಪಗಾರ ಐತಿ. ನನ್ನ ಮಾರಿ ನೋಡಾಕ ಇಲ್ಲ. ಅದಕ್ಕ ನೋಡೂದಿಲ್ಲ."

ಮೊನ್ನೆ ನಾನು ಕೆಲಸ ಮಾಡುತ್ತಿದ್ದ ಕೇಂದ್ರಕ್ಕೆ ಹೊಸದಾಗಿ ಸೇರಿದ ಇಬ್ಬರು ಹೆಣ್ಣುಮಕ್ಕಳು ಮನೆಗೆ ಬಂದಿದ್ದರು. ತರಬೇತಿಯಲ್ಲಿ ಎಲ್ಲ ಕಲಿಸಿದ್ದಾರೆ, ಆದರೆ ಕೆಲಸ ನಿಜವಾಗಿ ಹೇಗಿರುತ್ತದೆ ಎಂದು ಯಾರೂ ಹೇಳಿಲ್ಲ ಎಂದರು. ಒಂದು ಕಪ್ ಚಹಾದಲ್ಲಿ ಮುಗಿಯುವ ಮಾತಲ್ಲ, ಬರೆದು ಕೊಡುತ್ತೇನೆ ಎಂದೆ. ನಾನು ಯಾವಾಗ ಹಿರಿಯ ಸಹಾಯಕನಾದೆ, ಯಾವ ಸಭೆಯಲ್ಲಿ ಶಾಲು ಹೊದಿಸಿದರು ಎಂಬುದೆಲ್ಲ ಅವರಿಗೆ ಬೇಕಿಲ್ಲ. ಎಲ್ಲೆಲ್ಲಿ ಎಡವಿದೆ ಎಂಬುದು ಉಪಯೋಗಕ್ಕೆ ಬಂದೀತು.

ನನ್ನ ಹೆಸರು ದಾವಲಸಾಬ. ಹುಟ್ಟಿದ್ದು ಲಕ್ಷ್ಮೇಶ್ವರದಲ್ಲಿ. ಹದಿನೆಂಟನೇ ವಯಸ್ಸಿಗೆ ಗದಗಿಗೆ ಬಂದು ಒಂದು ಮುದ್ರಣಾಲಯದಲ್ಲಿ ಮೊಳೆ ಜೋಡಿಸುವ ಕೆಲಸಕ್ಕೆ ನಿಂತೆ. ಸೀಸದ ಅಕ್ಷರಗಳನ್ನು ಒಂದೊಂದಾಗಿ ಆರಿಸಿ, ತಲೆಕೆಳಗಾಗಿ ಸಾಲು ಮಾಡುವ ಕೆಲಸ. ಕಂಪ್ಯೂಟರ್ ಬಂದ ಮೇಲೆ ಆ ಅಕ್ಷರಗಳೆಲ್ಲ ಗುಜರಿಗೆ ಹೋಗತೊಡಗಿದವು. ಮುಂದೇನು ಎಂದು ಯೋಚಿಸುತ್ತಿದ್ದ ಆ ದಿನಗಳಲ್ಲಿ ಕೊನೆಯದಾಗಿ ಜೋಡಿಸಲು ನನ್ನ ಕೈಗೆ ಬಂದದ್ದು ಬೆಳವಣಕಿ ಸರ್ ಅವರ ಮೂವತ್ತೆರಡು ಪುಟದ ಪುಸ್ತಿಕೆ.

ಬೆಳವಣಕಿ ಸರ್ ಕಾಲೇಜಿನಲ್ಲಿ ಮೂವತ್ತು ವರ್ಷ ಭೌತಶಾಸ್ತ್ರ ಕಲಿಸಿ ನಿವೃತ್ತರಾದವರು. ತೆಳ್ಳಗೆ, ಎತ್ತರಕ್ಕೆ ಇದ್ದರು. ಮಾತಾಡುವಾಗ ಬೆರಳಲ್ಲಿ ಸೀಮೆಸುಣ್ಣ ಇದ್ದಂತೆ ಗಾಳಿಯಲ್ಲಿ ಬರೆಯುತ್ತಿದ್ದರು. ನಿವೃತ್ತಿಯ ನಂತರ ಅವರು ತಮ್ಮದೇ ಒಂದು ಚಿಕಿತ್ಸೆ ಕಟ್ಟಿದ್ದರು. ಅದಕ್ಕೆ ‘ಕ್ವಾಂಟಂ ಅವಲೋಕನ ಪದ್ಧತಿ’ ಎಂದು ಹೆಸರು. ಪರಮಾಣುವಿನ ಒಳಗಿನ ಕಣವು ಯಾರಾದರೂ ನೋಡುವತನಕ ಇಲ್ಲೂ ಇರುತ್ತದೆ, ಅಲ್ಲೂ ಇರುತ್ತದೆ. ನೋಡಿದ ಕೂಡಲೇ ಒಂದು ಕಡೆ ನಿಲ್ಲುತ್ತದೆ. ಮನುಷ್ಯನ ಸಂಕಟವೂ ಹಾಗೆಯೇ ಒಳಗೆ ಎಲ್ಲೆಂದರಲ್ಲಿ ಹರಡಿಕೊಂಡಿರುತ್ತದೆ. ಇನ್ನೊಂದು ಪ್ರಜ್ಞೆ ಅದನ್ನು ತಾಳ್ಮೆಯಿಂದ ನೋಡಿದರೆ ಅದು ಒಂದು ರೂಪಕ್ಕೆ ಬಂದು ನಿಲ್ಲುತ್ತದೆ, ನಿಂತದ್ದನ್ನು ಎತ್ತಿ ಹೊರಗಿಡಬಹುದು. ಪುಸ್ತಿಕೆಯ ಸಾರ ಇಷ್ಟೇ.

ಕರಡು ಕೊಡಲು ಹೋದಾಗ ನಾನು ಒಂದು ಮಾತು ಕೇಳಿದೆ. "ಸರ್, ಆರನೇ ಪುಟದಾಗ ನೋಡಿದ್ರ ಕಣ ಬದಲಾಗತೈತಿ ಅಂದೀರಿ. ಇಪ್ಪತ್ತನೇ ಪುಟದಾಗ, ನೋಡಾವ್ರು ಏನೂ ಬದಲ ಮಾಡಬಾರದು, ಸುಮ್ಮನ ನೋಡಬೇಕು ಅಂದೀರಿ. ನೋಡಿದ್ರ ಬದಲಾಗೂದು ಖರೆ ಇದ್ರ, ಸುಮ್ಮನ ನೋಡೂದು ಹೆಂಗ್ರಿ?"

ಸರ್ ಚಷ್ಮಾ ತೆಗೆದು ನನ್ನನ್ನು ನೋಡಿದರು. "ಮೂವತ್ತು ವರ್ಷದಾಗ ನನ್ನ ಒಬ್ಬ ವಿದ್ಯಾರ್ಥಿನೂ ಹಿಂಗ ಕೇಳಲಿಲ್ಲ ನೋಡು," ಎಂದರು. ಆಮೇಲೆ, "ನಿನಗ ಸುಮ್ಮನ ಕುಂಡ್ರಾಕ ಬರತೈತೇನು?" ಎಂದು ಕೇಳಿದರು. ಬರುತ್ತದೆ ಎಂದೆ. ಮುಂದಿನ ಸೋಮವಾರದಿಂದ ನನಗೆ ಹೊಸ ಕೆಲಸ. ಆರನೇ ಪುಟಕ್ಕೂ ಇಪ್ಪತ್ತನೇ ಪುಟಕ್ಕೂ ಹೊಂದಾಣಿಕೆ ಮಾತ್ರ ಕೊನೆಯವರೆಗೂ ಆಗಲಿಲ್ಲ.

ನಮ್ಮ ಕೇಂದ್ರ ಇದ್ದದ್ದು ಗದಗ ಊರು ಮುಗಿಯುವ ಕಡೆ, ಮುಂಡರಗಿ ರಸ್ತೆಯ ಪಕ್ಕದಲ್ಲಿ. ಎರಡು ಕೋಣೆ, ಒಂದು ಪಡಸಾಲೆ. ಕೋಣೆಗೆ ಎರಡು ಕುರ್ಚಿ. ಬಾಗಿಲು ತೆರೆದೇ ಇರಬೇಕು ಎಂಬುದು ಸರ್ ಅವರ ನಿಯಮ. ಬಂದವರು ನಲವತ್ತು ನಿಮಿಷ ಏನು ಬೇಕಾದರೂ ಹೇಳಬಹುದು, ಸುಮ್ಮನೆ ಕೂಡಬಹುದು, ಅಳಬಹುದು. ನಾನು ಉಪದೇಶ ಮಾಡುವಂತಿಲ್ಲ. ನನಗೆ ಕೊಟ್ಟದ್ದು ಮೂರೇ ಮಾತು: "ಹೂಂ", "ಮುಂದ?" ಮತ್ತು "ನಾ ನೋಡಾಕತ್ತೇನಿ". ಸಂಜೆಗೆ ಕಂಡದ್ದನ್ನು ಕಂಡಂತೆ ದಪ್ಪ ವಹಿಯಲ್ಲಿ ಬರೆದಿಡಬೇಕು.

ಬಾಗಿಲ ಮೇಲಿನ ಫಲಕದಲ್ಲಿ ಕ್ವಾಂಟಂ ಎಂಬ ಶಬ್ದ ಯಾರಿಗೂ ತಿಳಿಯಲಿಲ್ಲ, ಅವಲೋಕನ ಎಂಬುದು ಅರ್ಧ ತಿಳಿಯಿತು. ಅಲ್ಲಿ ಏನು ಮಾಡುತ್ತಾರಂತೆ ಎಂದರೆ, ನೋಡುತ್ತಾರಂತೆ. ಹೀಗಾಗಿ ಮೊದಲ ತಿಂಗಳು ಬಂದವರಲ್ಲಿ ಅರ್ಧ ಜನ ಕಣ್ಣಿನ ದವಾಖಾನೆ ಎಂದೇ ಬಂದರು. ಕಣಗಿನಹಾಳದ ಒಬ್ಬ ಹಿರಿಯರು ಎರಡೂ ಕಣ್ಣಿಗೆ ಪೊರೆ ಬಂದು, ಗೋಡೆ ಹಿಡಿದುಕೊಂಡು ಒಳಗೆ ಬಂದರು. ನಾನು ಹೊಸಬ; ತಡೆಯಬೇಕೆಂದು ಗೊತ್ತಾಗಲಿಲ್ಲ. ಎದುರಿಗೆ ಕೂಡಿಸಿ ನಲವತ್ತು ನಿಮಿಷ ನೋಡಿದೆ. ತೀರಿಹೋದ ತಮ್ಮ ಎತ್ತಿನ ಬಗ್ಗೆ, ಮಾತು ಬಿಟ್ಟ ಅಣ್ಣನ ಬಗ್ಗೆ ಹೇಳಿದರು. ಸಮಯ ಮುಗಿಯಿತು ಎಂದಾಗ, "ಔಷಧ ಹಾಕೂದಿಲ್ಲೇನು?" ಎಂದರು.

"ಇಲ್ಲಿ ಔಷಧ ಇಲ್ಲ ಯಜ್ಜಾ, ನೋಡೂದು ಅಷ್ಟ."

"ಮತ್ತ ಏನ್ ಕಂಡಿತು?"

"ಕಣ್ಣಿಗೆ ಪೊರಿ ಬಂದೈತ್ರಿ."

"ಅದು ನನಗೂ ಕಾಣತೈತಲ್ಲೋ ತಮ್ಮಾ," ಎಂದು ನಕ್ಕರು. ಅವರನ್ನು ನಾನೇ ಕಣ್ಣಿನ ಆಸ್ಪತ್ರೆಗೆ ಕರೆದುಕೊಂಡು ಹೋದೆ. ಶಸ್ತ್ರಚಿಕಿತ್ಸೆ ಆಗಿ ಚೆನ್ನಾಗಿ ಕಾಣತೊಡಗಿದ ಮೇಲೂ ಮೂರು ಸಲ ನಮ್ಮಲ್ಲಿಗೆ ಬಂದು ಕೂತು ಹೋದರು. ಎತ್ತಿನ ಮಾತು ಇನ್ನೂ ಉಳಿದಿತ್ತಂತೆ. ಅಂದಿನಿಂದ ನಮ್ಮದಕ್ಕೆ ‘ನೋಡೂ ದವಾಖಾನಿ’ ಎಂದೇ ಹೆಸರು ಬಿತ್ತು.

ಸುಮ್ಮನೆ ಕೂಡುವುದು ಸುಲಭ ಎಂದು ತಿಳಿದು ಯಾರೂ ಈ ಕೆಲಸಕ್ಕೆ ಬರಬೇಡಿ. ಎದುರಿನವರು ಅಳುತ್ತಿರುವಾಗ ನೀರು ಕೊಡಲೋ, ಸಮಾಧಾನ ಹೇಳಲೋ ಎಂದು ಕೈಬಾಯಿ ತುರಿಸುತ್ತವೆ. ಇನ್ನೊಂದು ಕಷ್ಟ ನಿದ್ದೆ. ರಂಜಾನ್ ತಿಂಗಳ ಒಂದು ಮಧ್ಯಾಹ್ನ, ನಿವೃತ್ತ ಗುಮಾಸ್ತರೊಬ್ಬರು ತಮ್ಮ ವರ್ಗಾವಣೆಗಳ ಕಥೆ ಹೇಳುತ್ತಿದ್ದಾಗ ನಾನು ನಿದ್ದೆಹೋದೆ. ಎಚ್ಚರಾದಾಗ ಅವರು ಹೊರಡಲು ಎದ್ದು ನಿಂತಿದ್ದರು. ಬೈಗುಳಕ್ಕೆ ಕಾಯುತ್ತಿದ್ದೆ. "ಇವತ್ತ ನೀವು ಕಣ್ಣ ಮುಚ್ಚಿ ಕೇಳಿದ್ರಿ ನೋಡ್ರಿ, ಭಾಳ ಆಳಕ್ಕ ಹೋತು," ಎಂದು ಕೈಮುಗಿದರು. ನಾನು ಸರ್ ಅವರಿಗೆ ಇದ್ದದ್ದು ಇದ್ದಂತೆ ಹೇಳಿದೆ. ಅವರು, "ಇದನ್ನ ವಹಿಯೊಳಗ ಬರಿ. ಆದ್ರ ಇನ್ನೊಮ್ಮೆ ಮಾಡಬ್ಯಾಡ," ಎಂದರು.

ಸರ್ ಅವರ ಪುಸ್ತಿಕೆಯಲ್ಲಿ ಜೋಡಿ ಕಣಗಳ ಬಗ್ಗೆ ಒಂದು ಅಧ್ಯಾಯವಿತ್ತು. ಒಮ್ಮೆ ಕೂಡಿದ್ದ ಎರಡು ಕಣಗಳು ಎಷ್ಟು ದೂರ ಹೋದರೂ ಒಂದರ ಸುದ್ದಿ ಇನ್ನೊಂದಕ್ಕೆ ಮುಟ್ಟುತ್ತದೆ, ಹಾಗೆಯೇ ರಕ್ತಸಂಬಂಧಿಗಳ ಮನಸ್ಸು ಎಂದು ಅವರು ಬರೆದಿದ್ದರು. ಇದನ್ನು ಓದಿಸಿಕೊಂಡು ಮಲ್ಲಸಮುದ್ರದ ಗಂಗವ್ವ ಎಂಬ ಗಟ್ಟಿ ಹೆಂಗಸು ಬಂದರು. ಅವರ ಮಗಳು ರೇಖಾಳನ್ನು ಲಕ್ಷ್ಮೇಶ್ವರಕ್ಕೆ ಕೊಟ್ಟಿತ್ತು. ಮಗಳು ಮಂಕಾಗಿದ್ದಾಳೆ, ಊಟ ಸೇರುವುದಿಲ್ಲ, ಕರೆದರೆ ದವಾಖಾನೆಗೆ ಬರುವುದಿಲ್ಲ ಎಂಬುದು ತಾಯಿಯ ದುಃಖ.

"ಆಕಿ ಬರದಿದ್ರ ಏನಾತು, ನನ್ನ ನೋಡ್ರಿ. ಆಕಿಗೆ ಮುಟ್ಟತೈತಿ," ಎಂದರು. ಸರ್ ಅವರಿಗೆ ಬಹಳ ಸಂತೋಷವಾಯಿತು. ಇಂಥ ಒಂದು ಪ್ರಯೋಗಕ್ಕೇ ಅವರು ಕಾಯುತ್ತಿದ್ದರು.

ವಾರಕ್ಕೆ ಮೂರು ದಿನ ಗಂಗವ್ವ ಬಂದರು. ಎರಡು ತಿಂಗಳಾದ ಮೇಲೆ ಒಂದು ದಿನ ತಾವೇ ಖಬರ ತಂದರು: ಮಗಳು ಈಗ ಆರಾಮ, ಉಣ್ಣುತ್ತಾಳೆ, ನಗುತ್ತಾಳೆ ಎಂದು ಅಳಿಯನೇ ಹೇಳಿದನಂತೆ. ಸರ್ ಅಂದು ನಮಗೆಲ್ಲ ಪೇಡೆ ಹಂಚಿದರು. ಮರುವಾರ ಸ್ವತಃ ರೇಖಾ ಬಂದಳು. ಮುಖ ಕೆಂಪಾಗಿತ್ತು.

"ನನ್ನ ಕೇಳದನ ನನಗ ಔಷಧ ಮಾಡಾಕತ್ತೀರಂತಲ್ರಿ, ಯಾರ್ರಿ ಅವರು?"

ಸರ್ ನನ್ನ ಕಡೆ ನೋಡಿದರು, ನಾನು ಸರ್ ಕಡೆ ನೋಡಿದೆ. ಅವಳನ್ನು ಕೂಡಿಸಿ, ಈಗ ಆರಾಮ ಆಗಿದ್ದು ನಿಜವೋ ಎಂದು ಸರ್ ವಿನಯದಿಂದ ಕೇಳಿದರು.

"ಖರೆ ಐತಿ," ಎಂದಳು. "ನಮ್ಮವ್ವ ದಿನಾ ಐದ ಸಲ ಫೋನ್ ಮಾಡಿ, ಉಂಡೀಯೇನ, ಅತ್ತಿ ಏನಂದ್ಲು, ಯಾಕ ಸಪ್ಪಗ ಮಾತಾಡ್ತಿ ಅಂತ ಕೇಳಾಕಿ. ಸಪ್ಪಗ ಇರದಿದ್ರೂ ಸಪ್ಪಗ ಆಗತಿದ್ನಿ. ಈಗ ಎರಡ ತಿಂಗಳಾತು, ವಾರಕ್ಕೊಮ್ಮೆ ಮಾಡ್ತಾಳ. ಉಳಿದದ್ದೆಲ್ಲಾ ನಿಮ್ಮ ಮುಂದ ಹೇಳಿ ಹಗರ ಆಗ್ತಾಳಂತ."

ಸರ್ ತುಸು ಹೊತ್ತು ಗಾಳಿಯಲ್ಲಿ ಏನೋ ಬರೆದು ಅಳಿಸಿದರು. ಸಂಜೆ ವಹಿಯಲ್ಲಿ ಆ ಪ್ರಕರಣದ ಕೊನೆಗೆ ಅವರ ಕೈಯಕ್ಷರದಲ್ಲೇ ಒಂದು ಸಾಲು ಇತ್ತು: ‘ಮುಟ್ಟಿದ್ದು ಹೌದು, ದಾರಿ ನಾನು ತಿಳಿದದ್ದಲ್ಲ.’ ಗಂಗವ್ವನಿಗೆ ಮಾತ್ರ ನಾವು ಯಾರೂ ಏನೂ ಹೇಳಲಿಲ್ಲ. ಅವರು ಇಂದಿಗೂ ಜೋಡಿ ಕಣದ ಮಹಿಮೆಯನ್ನು ಊರಲ್ಲೆಲ್ಲ ಹೇಳುತ್ತಾರೆ.

ಯಂತ್ರದ ಸಂಗತಿಯನ್ನೂ ಹೇಳಿಬಿಡುತ್ತೇನೆ. ಒಂದು ವಸ್ತುಪ್ರದರ್ಶನದಲ್ಲಿ ಸರ್ ಮನಸೋತು, ಪ್ರಜ್ಞೆಯ ಅಲೆಗಳನ್ನು ಸರಿಪಡಿಸುವುದೆಂದು ಹೇಳುವ ಒಂದು ಡಬ್ಬಿ ತಂದರು. ಅದರಲ್ಲಿ ನೀಲಿ ದೀಪ, ಹಸಿರು ದೀಪ, ಎರಡು ತಂತಿ. ಮಂಡಿನೋವು ಮತ್ತು ಚಿಂತೆ ಎರಡೂ ಇದ್ದ ಒಬ್ಬ ಕಿರಾಣಿ ವ್ಯಾಪಾರಿಯ ಕೈಗೆ ತಂತಿ ಕಟ್ಟಿ, ದೀಪ ತಲೆಯ ಹಿಂದೆ ಬರುವಂತೆ ಕೂಡಿಸಿದೆವು. ಎರಡೇ ನಿಮಿಷಕ್ಕೆ ಕರೆಂಟು ಹೋಯಿತು. ಅವರಿಗೆ ಅದು ಗೊತ್ತಾಗಲಿಲ್ಲ. "ಈಗ ತೊಡಿತನಕ ಬಂತ್ರಿ... ಈಗ ಮಂಡಿಗೆ ಇಳೀತು," ಎಂದು ಹೇಳುತ್ತಲೇ ಇದ್ದರು. ಸರ್ ನಿಂತು ನೋಡಿದರು. ವ್ಯಾಪಾರಿ ಹೋದ ಮೇಲೆ ತಾವೇ ಡಬ್ಬಿಯನ್ನು ಅಟ್ಟದ ಮೇಲೆ ಇಟ್ಟರು. ನಾನು ನಗು ತಡೆದುಕೊಂಡದ್ದು ಕಂಡು, "ನಗು ದಾವಲಸಾಬ, ನಗು. ನಾನೂ ಮನಿಗೆ ಹೋಗಿ ನಗತೇನಿ," ಎಂದರು. ಅವರಲ್ಲಿ ನನಗೆ ಮೆಚ್ಚುಗೆಯಾದ ಗುಣ ಇದು. ತಪ್ಪು ತಾವೇ ಕಣ್ಣಾರೆ ಕಂಡರೆ ಒಪ್ಪುತ್ತಿದ್ದರು. ತೊಂದರೆ ಏನೆಂದರೆ, ಕೆಲವು ತಪ್ಪು ಕಣ್ಣಿಗೆ ಬೀಳುವುದರೊಳಗೆ ತಡವಾಗಿರುತ್ತದೆ.

ಎಲ್ಲವ್ವ ಶಿರಹಟ್ಟಿ ಕಡೆಯ ಒಂದು ಶಾಲೆಯಲ್ಲಿ ಬಿಸಿಯೂಟದ ಅಡುಗೆ ಮಾಡುತ್ತಿದ್ದರು. ನಲವತ್ತರ ಆಸುಪಾಸು. ಯಾವುದರಲ್ಲೂ ಮನಸ್ಸಿಲ್ಲ, ಕೂತಲ್ಲೇ ಕಣ್ಣು ಮುಚ್ಚುತ್ತದೆ, ಸುಮ್ಮಸುಮ್ಮನೆ ಅಳು ಬರುತ್ತದೆ ಎಂದು ಬಂದರು. ಅವರನ್ನು ನೋಡುತ್ತಿದ್ದವನು ನಾನೇ. ನಾಲ್ಕು ತಿಂಗಳು, ವಾರಕ್ಕೊಮ್ಮೆ, ತಪ್ಪದೆ ಬಂದರು. ಪ್ರತಿ ಸಲ ಹೊರಡುವಾಗ, "ಮದಲಿಗಿಂತ ಆರಾಮ ಐತ್ರಿ ಅಣ್ಣಾರ," ಎನ್ನುತ್ತಿದ್ದರು. ನನಗೆ ಹಿಗ್ಗು. ಒಮ್ಮೆ ಅವರು, "ಓಣ್ಯಾಗ ಒಬ್ಬಾಕಿ ರಕ್ತಾ ತಪಾಸ್ ಮಾಡಿಸು ಅಂತಾಳ. ಮಾಡಿಸಲೇನ್ರಿ?" ಎಂದು ಕೇಳಿದರು.

ನನಗೆ ಕೊಟ್ಟದ್ದು ಮೂರು ಮಾತು ಎಂದು ಮೊದಲೇ ಹೇಳಿದೆನಲ್ಲ. ಅಂದು ನಾಲ್ಕನೆಯದು ಆಡಿದೆ. "ಮದ್ಲ ಇದು ಮುಗೀಲಿ ತಂಗಿ. ಎಲ್ಲಾ ಒಮ್ಮೆಗೇ ಯಾಕ?" ಎಂದೆ.

ಅದಾಗಿ ಮೂರು ವಾರಕ್ಕೆ ಎಲ್ಲವ್ವ ಶಾಲೆಯ ಅಡುಗೆ ಕೋಣೆಯಲ್ಲಿ ಬಿದ್ದರು. ಒಲೆ ಆರಿಸಿದ ಮೇಲೆ ಬಿದ್ದದ್ದು, ಅಷ್ಟು ಪುಣ್ಯ. ಗದಗಿನ ದೊಡ್ಡ ಆಸ್ಪತ್ರೆಗೆ ತಂದರು. ನಾಡಿ ಬಹಳ ನಿಧಾನವಾಗಿತ್ತಂತೆ. ರಕ್ತ ಪರೀಕ್ಷೆಯಲ್ಲಿ ಥೈರಾಯ್ಡ್ ಎಂದು ಗೊತ್ತಾಯಿತು. ಇನ್ನೂ ತಡವಾಗಿದ್ದರೆ ಕಷ್ಟವಿತ್ತು ಎಂದು ಅಲ್ಲಿಯ ವೈದ್ಯೆ ಹೇಳಿದರು. ಅವರು ನಮ್ಮ ವಹಿಯನ್ನು ತರಿಸಿಕೊಂಡು ಎಲ್ಲವ್ವನ ಪುಟಗಳನ್ನು ಓದಿದರು. ‘ಧ್ವನಿ ಒಡೆದಿದೆ. ಮುಖ ಊದಿದಂತಿದೆ. ಬಿಸಿಲಲ್ಲೂ ಶಾಲು ಹೊದ್ದು ಬಂದಿದ್ದಾರೆ. ಕೂದಲು ಉದುರುತ್ತಿದೆ ಎಂದರು.’ ಎಲ್ಲ ನನ್ನ ಅಕ್ಷರ.

"ನೀವು ಏನೂ ಬಿಟ್ಟಿಲ್ಲ," ಎಂದರು ವೈದ್ಯೆ, ಸಿಟ್ಟಿಲ್ಲದೆ. "ಒಬ್ಬ ಡಾಕ್ಟರಿಗೆ ಬೇಕಾದದ್ದೆಲ್ಲಾ ಇದರಾಗ ಐತಿ. ಯಾರೂ ಡಾಕ್ಟರಿಗೆ ತೋರಿಸಲಿಲ್ಲ, ಅಷ್ಟ."

ನಾನು ಮನೆಗೆ ಹೋಗಿ ಮೂರು ದಿನ ಕೆಲಸಕ್ಕೆ ಹೋಗಲಿಲ್ಲ. ನಾಲ್ಕನೇ ದಿನ ಬೆಳಿಗ್ಗೆ ಸರ್ ನಮ್ಮ ಮನೆಗೆ ಬಂದು ಹೊರಸಿನ ಮೇಲೆ ಕೂತರು. ಈ ಕೆಲಸ ನನಗೆ ಬೇಡ ಎಂದೆ. ಅವರು ವಾದ ಮಾಡಲಿಲ್ಲ. "ಬಿಡೂದಾದ್ರ ಬಿಡು. ಮದ್ಲ ಆಕಿನ್ನ ಮಾತಾಡಿಸಿ ಬರೂಣು ನಡಿ. ಹೇಳಿದಾಂವ ನೀನು, ಹಂಗ ಹೇಳೂ ಹಂಗ ಕಲಿಸಿದಾಂವ ನಾನು," ಎಂದರು.

ಎಲ್ಲವ್ವ ಹಾಸಿಗೆಯ ಮೇಲೆ ಎದ್ದು ಕೂತಿದ್ದರು. ನಮ್ಮನ್ನು ಕಂಡು ಅವರೇ ಮೊದಲು ಕ್ಷಮೆ ಕೇಳಿದರು. "ಬ್ಯಾಸರ ಮಾಡ್ಕೋಬ್ಯಾಡ್ರಿ ಅಣ್ಣಾರ. ನನಗ ಏನೂ ಆರಾಮ ಆಗಿರಲಿಲ್ಲ. ನೀವು ಅಷ್ಟು ಶ್ರದ್ಧಿಲೇ ಕುಂತಿರ್ತಿದ್ರಿ. ಆಗಿಲ್ಲ ಅಂತ ಹೆಂಗ ಹೇಳ್ಲಿ?"

ಹೊಸಬರು ಈ ಮಾತನ್ನು ನೆನಪಿಟ್ಟುಕೊಳ್ಳಬೇಕು. ಎದುರಿನವರು ಆರಾಮ ಎನ್ನುವುದು ಎಷ್ಟೋ ಸಲ ನಮ್ಮ ಮೇಲಿನ ಕರುಣೆಯಿಂದ. ಎಲ್ಲವ್ವ ಮಾತ್ರೆ ತೆಗೆದುಕೊಳ್ಳುತ್ತ ನಿಧಾನವಾಗಿ ಗುಣವಾದರು, ಮತ್ತೆ ಒಲೆಯ ಮುಂದೆ ನಿಂತರು. ಆ ವಾರವೇ ವಹಿಯ ಮೊದಲ ಪುಟದಲ್ಲಿ ಸರ್ ಬರೆದರು: ‘ಬಂದವರನ್ನು ಮೊದಲು ವೈದ್ಯರು ನೋಡಬೇಕು. ನಾವು ಆಮೇಲೆ.’ ನಾನು ಕೆಲಸ ಬಿಡಲಿಲ್ಲ.

ನಂದಿನಿ ಮೇಡಂ ಬಂದದ್ದು ಆಮೇಲೆ. ಸರ್ ಅವರ ಹಳೆಯ ವಿದ್ಯಾರ್ಥಿಯೊಬ್ಬರ ಮಗಳು. ಮನಃಶಾಸ್ತ್ರ ಓದಿ, ದೊಡ್ಡ ಆಸ್ಪತ್ರೆಯಲ್ಲಿ ತರಬೇತಿ ಮುಗಿಸಿ ಬಂದಿದ್ದರು. ಬಂದ ಮೊದಲ ದಿನವೇ ನನ್ನನ್ನು ಎದುರಿಗೆ ಕೂಡಿಸಿಕೊಂಡು, "ಕಾಕಾ, ನೀವು ಹೆಂಗ ಕುಂಡ್ರತೀರಿ ತೋರಿಸ್ರಿ," ಎಂದರು. ಹತ್ತು ನಿಮಿಷ ಮಾತಾಡಿ ನಡುವೆ ನಿಲ್ಲಿಸಿ, "ಭಾಳ ಚಲೋ ಕೇಳ್ತೀರಿ. ಆದ್ರ ಕೇಳಿದ ಮ್ಯಾಲ ಏನು?" ಎಂದರು. ಐವತ್ತು ದಾಟಿದ ಮೇಲೆ ನಾನು ಮತ್ತೆ ಪಾಟಿ ಬಳಪ ಹಿಡಿದೆ. ಕೇಳುವುದಕ್ಕೆ ಪ್ರಶ್ನೆಗಳು ಬಂದವು, ತುಂಬುವುದಕ್ಕೆ ಹಾಳೆಗಳು ಬಂದವು. ಸಾಯುವ ಯೋಚನೆ ಬರುತ್ತದೆಯೇ ಎಂದು ನೇರವಾಗಿ ಕೇಳಲು ಕಲಿತೆ. ಮೊದಲ ಸಲ ಕೇಳಿಸಿಕೊಂಡವರು, "ಇಷ್ಟು ದಿನ ಯಾರರೆ ಕೇಳ್ಯಾರೇನು ಅಂತ ನೋಡಾಕತ್ತಿದ್ನಿ," ಎಂದರು.

ಮೇಡಂಗೂ ಸರ್ ಅವರಿಗೂ ಇದ್ದದ್ದು ಒಂದೇ ಜಗಳ: ಕ್ವಾಂಟಂ ಎಂಬ ಶಬ್ದ. ಭೌತಶಾಸ್ತ್ರದಲ್ಲಿ ನೋಡುವುದು ಎಂದರೆ ಅಳೆಯುವುದು, ಮನುಷ್ಯನ ಮನಸ್ಸು ನೋಡುವುದಲ್ಲ, ಇದು ನಿಮಗೆ ನನಗಿಂತ ಚೆನ್ನಾಗಿ ಗೊತ್ತಿದೆ ಎಂದು ಮೇಡಂ ಒಂದು ದಿನ ಸರ್ ಅವರಿಗೆ ನನ್ನ ಎದುರಿಗೇ ಅಂದರು.

"ಗೊತ್ತೈತವ್ವಾ," ಎಂದರು ಸರ್. "ಮದ್ಲ ಮದ್ಲ ನಾನೂ ನಂಬಿದ್ನಿ. ಆಮ್ಯಾಲ ನಂಬಿಕಿ ಹೋತು, ಶಬ್ದ ಇಟ್ಟಕೊಂಡೆ. ಯಾಕಂದ್ರ, ತಲಿ ಕೆಟ್ಟವರ ದವಾಖಾನಿ ಅಂತ ಬೋರ್ಡ್ ಹಾಕಿದ್ರ ಈ ಕಡಿ ಯಾರೂ ತಿರುಗಿ ನೋಡೂದಿಲ್ಲ. ಕ್ವಾಂಟಂ ಅಂದ್ರ ಏನಂತ ಯಾರಿಗೂ ಗೊತ್ತಿಲ್ಲ. ಗೊತ್ತಿಲ್ಲದ ರೋಗಕ್ಕ ಯಾರೂ ನಾಚೂದಿಲ್ಲ."

ಮೇಡಂ ಫಲಕದ ಮಾತು ಅಲ್ಲಿಗೇ ಬಿಟ್ಟರು. ನಾನೂ ಆ ಮಾತಿನಲ್ಲಿ ಹುರುಳಿದೆ ಎಂದುಕೊಂಡೆ. ಹಾಗಾಗಿ ಫಲಕ ಉಳಿಯಿತು, ಪ್ರತಿ ಭಾನುವಾರ ಸರ್ ಪಡಸಾಲೆಯಲ್ಲಿ ಕಣಗಳ ಬಗ್ಗೆ ಮಾಡುತ್ತಿದ್ದ ಉಪನ್ಯಾಸವೂ ಉಳಿಯಿತು. ಅವೆರಡೂ ಹೋದದ್ದು ಈರಣ್ಣನಿಂದ.

ಈರಣ್ಣ ಮುಂಡರಗಿಯವನು, ಮುಂಡರಗಿ–ಗದಗ ಬಸ್ಸಿನ ಕಂಡಕ್ಟರ್. ಮೂವತ್ತೈದರ ಗಟ್ಟಿಮುಟ್ಟು ಆಳು. ಅವನಿಗೆ ಒಂದು ಸಂಶಯ ಅಂಟಿಕೊಂಡಿತ್ತು. ನಿಲ್ದಾಣದಲ್ಲಿ ಜನ ಹತ್ತಿದ ಮೇಲೆ ಗಂಟೆ ಹೊಡೆದರೆ ಸಾಕು, ಯಾರೋ ಒಬ್ಬ ಮುದುಕಿ ಮೆಟ್ಟಿಲ ಮೇಲೆ ಕಾಲಿಟ್ಟಿದ್ದಳು, ಬಸ್ಸು ಹೊರಟಾಗ ಕೆಳಗೆ ಬಿದ್ದಳು ಎಂದು ಅನ್ನಿಸುತ್ತಿತ್ತು. ಹಾಗೆ ಎಂದೂ ಆಗಿರಲಿಲ್ಲ. ಅದು ಅವನಿಗೂ ಗೊತ್ತು. ಆದರೂ ದಿನಕ್ಕೆ ಒಂದೆರಡು ಸಲ ಬಸ್ಸು ನಿಲ್ಲಿಸಿ, ಇಳಿದು ಹಿಂದೆ ಹೋಗಿ ನೋಡಿ ಬರುತ್ತಿದ್ದ. ಮೇಲಧಿಕಾರಿಗಳಿಂದ ಎರಡು ನೋಟೀಸು ಬಂದಿದ್ದವು.

ಅವನು ಮೊದಲು ಬಂದದ್ದು ಒಂದು ಭಾನುವಾರ. ಪಡಸಾಲೆಯಲ್ಲಿ ಸರ್ ಅವರ ಉಪನ್ಯಾಸ ನಡೆದಿತ್ತು. ಹಿಂದೆ ಕೂತು ಕೇಳಿದ. ನೋಡುವತನಕ ಕಣ ಇಲ್ಲೂ ಇರುತ್ತದೆ, ಅಲ್ಲೂ ಇರುತ್ತದೆ, ನೋಡಿದಾಗಲೇ ನಿರ್ಧಾರವಾಗುವುದು. ಉಪನ್ಯಾಸ ಮುಗಿದ ಮೇಲೆ ನಮ್ಮ ಯಾರ ಹತ್ತಿರವೂ ಮಾತಾಡದೆ ಎದ್ದು ಹೋದ.

ಮೂರು ದಿನದ ಮೇಲೆ ಹಾಡಹಗಲು ಒಂದು ಬಸ್ಸು, ಪ್ರಯಾಣಿಕರ ಸಮೇತ, ನಮ್ಮ ಗೇಟಿನ ಮುಂದೆ ಬಂದು ನಿಂತಿತು. ಡ್ರೈವರ್ ಈರಣ್ಣನ ಕೈ ಹಿಡಿದು ಇಳಿಸಿಕೊಂಡು ಬಂದ. "ಏನ್ ಹೇಳಿ ಕಳಿಸೀರಿ ಇವಗ? ಮದ್ಲ ಎರಡ ಸಲ ಇಳೀತಿದ್ದ, ಈಗ ಸ್ಟಾಪಿಗೊಮ್ಮೆ ಇಳೀತಾನ. ಇಂವನ್ನ ಕಟಗೊಂಡು ನಾ ಗದಗ ಮುಟ್ಟೂದಿಲ್ರಿ," ಎಂದ. ಕಿಟಕಿಗಳಿಂದ ಐವತ್ತು ಜನ ನಮ್ಮನ್ನು ನೋಡುತ್ತಿದ್ದರು. ನೋಡಿಸಿಕೊಳ್ಳುವುದು ಎಂದರೆ ಏನೆಂದು ನನಗೆ ಅಂದು ಗೊತ್ತಾಯಿತು.

ಈರಣ್ಣ ಬೆವರುತ್ತಿದ್ದ. "ಸರ್ ಹೇಳಿದ್ದು ಖರೆ ಐತಿ," ಎಂದ. "ನಾ ತಿರುಗಿ ನೋಡೂತನಕ ಆ ಮುದುಕಿ ಬಿದ್ದೂ ಇರ್ತಾಳ, ಬಿದ್ದಿರೂದೂ ಇಲ್ಲ. ಹಂಗಾದ್ರ ನಾ ನೋಡಾಕಬೇಕಲ್ರಿ. ನಾ ನೋಡದಿದ್ರ ಆಕಿ ಗತಿ ಏನು?"

ಸರ್ ಬಾಗಿಲಲ್ಲಿ ನಿಂತು ಎಲ್ಲ ಕೇಳಿಸಿಕೊಂಡರು. ಅವರ ಮುಖ ಹಾಗೆ ಇಳಿದದ್ದನ್ನು ನಾನು ಮೊದಲು ಕಂಡಿರಲಿಲ್ಲ.

ನಂದಿನಿ ಮೇಡಂ ಈರಣ್ಣನನ್ನು ಮನೋವೈದ್ಯರಿಗೆ ತೋರಿಸಿದರು, ಮಾತ್ರೆ ಶುರುವಾಯಿತು. ಅದರ ಜೊತೆ ಒಂದು ಅಭ್ಯಾಸ ಹೇಳಿದರು: ಗಂಟೆ ಹೊಡೆಯಬೇಕು, ತಿರುಗಿ ನೋಡಬಾರದು, ಬರುವ ಹೆದರಿಕೆಯನ್ನು ಅದು ತಾನಾಗಿ ಇಳಿಯುವತನಕ ತಡೆದುಕೊಳ್ಳಬೇಕು. ಅವನ ಜೊತೆ ಬಸ್ಸಿನಲ್ಲಿ ನಾನು ಹೋಗಬೇಕು. ಅವನು ಏನು ಕೇಳಿದರೂ ಧೈರ್ಯ ಹೇಳಬಾರದು.

"ಬಿದ್ದಿಲ್ಲ ಅಂತ ಒಂದ ಮಾತ ಹೇಳಿದ್ರ ಏನಾಗತೈತ್ರಿ?" ಎಂದು ಕೇಳಿದೆ.

"ಇವತ್ತ ನೀವು ಹೇಳ್ತೀರಿ. ನಾಳೆ ಯಾರು ಹೇಳ್ತಾರ?" ಎಂದರು.

ಒಂದು ತಿಂಗಳು ನಾನು ಆ ಬಸ್ಸಿನಲ್ಲಿ ಅವನ ಸೀಟಿನ ಪಕ್ಕ ಓಡಾಡಿದೆ. ಮೊದಲ ದಿನ ಗಂಟೆ ಹೊಡೆದ ಮೇಲೆ ಅವನು ಸರಳು ಹಿಡಿದು ನಿಂತ. "ಬಿದ್ದಳೇನ್ರಿ ಕಾಕಾ?" ಎಂದ. "ಗೊತ್ತಿಲ್ಲ," ಎಂದೆ. ಇಡೀ ನೌಕರಿಯಲ್ಲಿ ನಾನು ಆಡಿದ ಅತಿ ಕಷ್ಟದ ಮಾತು ಅದು. ನನ್ನ ಕತ್ತೂ ಹಿಂದಕ್ಕೆ ತಿರುಗಲು ನೋಡುತ್ತಿತ್ತು. ಅಷ್ಟು ವರ್ಷ ನೋಡುವುದನ್ನೇ ಕಲಿತವನು, ನೋಡದೆ ಕೂಡುವುದನ್ನು ಅವನ ಜೊತೆ ಕಲಿತೆ.

ಎರಡನೇ ವಾರದಲ್ಲಿ ಒಂದು ದಿನ ನಮ್ಮ ಗೇಟಿನ ಹತ್ತಿರ ಸರ್ ಬಸ್ಸು ಹತ್ತಿದರು. ಈರಣ್ಣನ ಎದುರಿಗೆ ನಿಂತು, ಎಲ್ಲರಿಗೂ ಕೇಳುವಂತೆ ಹೇಳಿದರು: "ತಮ್ಮಾ, ನಾ ನಿನಗ ತಪ್ಪು ಹೇಳಿದ್ನಿ. ಆ ಮಾತು ಕಣ್ಣಿಗೆ ಕಾಣದಂಥ ಸಣ್ಣ ಕಣಕ್ಕ. ಬಸ್ಸಿಗಲ್ಲ, ಮುದುಕಿಗಲ್ಲ, ನಿನಗಲ್ಲ. ಮನಸಿಗೆ ಅದನ್ನ ಹಚ್ಚಿದ್ದು ನಂದು ತಪ್ಪು."

"ಆತ್ರಿ ಸರ್, ತಿಳೀತು," ಎಂದ ಈರಣ್ಣ. "ಈಗ ಟಿಕೇಟ ತಗಸ್ರಿ."

ಬಸ್ಸಿಗೆ ಬಸ್ಸೇ ನಕ್ಕಿತು. ಸರ್ ಟಿಕೇಟು ತೆಗೆಸಿದರು, ಮುಂಡರಗಿವರೆಗೆ ಹೋಗಿ ಅದೇ ಬಸ್ಸಿಗೆ ತಿರುಗಿ ಬಂದರು. ಆ ವಾರ ಹಳೆಯ ಫಲಕ ಇಳಿಯಿತು. ಸರ್ ತಾವೇ ಬರೆಸಿದ ಹೊಸ ಫಲಕದಲ್ಲಿ ಕ್ವಾಂಟಂ ಇರಲಿಲ್ಲ. ‘ಮನಸ್ಸಿನ ದವಾಖಾನೆ’ ಎಂದಷ್ಟೇ ಇತ್ತು.

ಆದರೆ ಸರ್ ಹೆದರಿದ್ದೂ ನಿಜವಾಯಿತು. ಜನ ಬರುವುದು ನಿಂತಿತು. ಬಸ್ಸು ನಮ್ಮ ಗೇಟಿನ ಹತ್ತಿರ ನಿಂತರೂ ಇಳಿಯುತ್ತಿರಲಿಲ್ಲ. ಕೆಲವರು ಮುಂದಿನ ನಿಲ್ದಾಣದಲ್ಲಿ ಇಳಿದು, ಮುಖದ ಮೇಲೆ ಸೆರಗು ಎಳೆದುಕೊಂಡು ಹೊಲದ ಬದುವಿನ ಮೇಲೆ ನಡೆದು ಹಿಂಬಾಗಿಲಿಗೆ ಬರುತ್ತಿದ್ದರು. ಹೆಚ್ಚಿನವರು ಅದೂ ಇಲ್ಲ. ಎರಡು ತಿಂಗಳು ನಾವು ಖಾಲಿ ಕುರ್ಚಿಗಳನ್ನು ಒರೆಸಿದೆವು. ಕೇಂದ್ರ ಮುಚ್ಚಬೇಕಾಗಬಹುದು ಎಂದು ಮೇಡಂ ಒಂದು ದಿನ ಮೆಲ್ಲಗೆ ಹೇಳಿದರು. ಹಳೆಯ ಫಲಕ ಮತ್ತೆ ಹಾಕಲೇ ಎಂದು ಸರ್ ಕೇಳಲಿಲ್ಲ. ಕೇಳಿದ್ದರೆ ನಾನು ಹೂಂ ಎನ್ನುತ್ತಿದ್ದೆನೇನೋ.

ಅದಾಗಿ ಕೆಲವು ದಿನಕ್ಕೆ, ಹಳೆಯ ರೋಗಿಯೊಬ್ಬರನ್ನು ಮಾತಾಡಿಸಲು ಮುಂಡರಗಿಗೆ ಹೋಗಿದ್ದ ನಾನು ಈರಣ್ಣನ ಬಸ್ಸಿಗೆ ತಿರುಗಿ ಬರುತ್ತಿದ್ದೆ. ಅವನು ಈಗ ಒಬ್ಬನೇ ಕೆಲಸ ಮಾಡುತ್ತಿದ್ದ, ನಾನು ಬರೇ ಪ್ರಯಾಣಿಕ. ಸಂತೆಯ ದಿನ, ಬಸ್ಸು ತುಂಬಿತ್ತು. ನಮ್ಮ ಗೇಟು ಹತ್ತಿರ ಬಂದಾಗ ಅವನು ಗಂಟೆ ಹೊಡೆದು ನಿಲ್ಲಿಸಿದ. ಸಾಮಾನ್ಯವಾಗಿ ಕಂಡಕ್ಟರುಗಳು ಆ ನಿಲುಗಡೆಯ ಹೆಸರು ಹೇಳುತ್ತಿರಲಿಲ್ಲ. ಅವನು ಬಾಗಿಲಿಗೆ ಬೆನ್ನು ಕೊಟ್ಟು ನಿಂತು ಗಟ್ಟಿಯಾಗಿ ಕೂಗಿದ:

"ಮನಸಿನ ದವಾಖಾನಿ. ಇಳಿಯೋರು ಇಳೀರಿ."

ಯಾರೂ ಮಿಸುಕಲಿಲ್ಲ. ಹಿಂದಿನ ಸೀಟಿನಿಂದ ಒಬ್ಬ, "ಅಲ್ಯಾರು ಇಳೀತಾರಲೇ, ಹುಚ್ಚರಷ್ಟ," ಎಂದ. ನಾಲ್ಕು ಜನ ನಕ್ಕರು.

ಈರಣ್ಣ ಅವನ ಕಡೆ ನೋಡಿದ. ಸಿಟ್ಟು ಮಾಡಲಿಲ್ಲ. "ನಾನೂ ಇಲ್ಲೇ ತೋರಿಸ್ಕೊಂಡೇನ್ರಿ," ಎಂದ. "ಮೂರ ತಿಂಗಳ ಹಿಂದ ಈ ಬಸ್ಸ ನಾ ಸ್ಟಾಪಿಗೊಮ್ಮೆ ನಿಲ್ಲಿಸ್ತಿದ್ನಿ, ನಿಮ್ಮೊಳಗ ಭಾಳ ಮಂದಿ ನನಗ ಬೈದೀರಿ. ಈಗ ಟೈಮಿಗೆ ಸರಿಯಾಗಿ ಗದಗ ಮುಟ್ಟಾಕತ್ತೇನಿ. ಮಾತ್ರಿನೂ ತಗೋತೇನಿ. ಅದರಾಗ ಏನೈತಿ? ಇಳಿಯೋರು ಇದ್ರ ಇಳೀರಿ, ಎರಡ ನಿಮಿಷ ನಿಲ್ಲತೇನಿ."

ಆಗ ನಡುವಿನ ಸೀಟಿನಿಂದ, ಮಡಿಲಲ್ಲಿ ಗಂಟು ಇಟ್ಟುಕೊಂಡು ಕೂತಿದ್ದ ಒಬ್ಬ ಹೆಂಗಸು ಎದ್ದರು. ಐವತ್ತು ದಾಟಿದವರು. "ತಡಿಯಪ್ಪಾ," ಎಂದರು. "ನಾ ಮುಂದಿನ ಸ್ಟಾಪಿಗೆ ಇಳಿಯಾಕಿದ್ನಿ. ಇಲ್ಲೇ ಇಳೀತೇನಿ."

ಜನ ಕಾಲು ಮಡಚಿ ದಾರಿ ಬಿಟ್ಟರು. ಅವರ ಗಂಟನ್ನು ಕೈಯಿಂದ ಕೈಗೆ ದಾಟಿಸಿದರು. ಅವರ ಹಿಂದೆ, ತಲೆ ತಗ್ಗಿಸಿಕೊಂಡು, ಒಬ್ಬ ಕಾಲೇಜು ಹುಡುಗಿ ಇಳಿದಳು. ಕೊನೆಗೆ ನಾನು. ಈರಣ್ಣ ಮೂವರೂ ನೆಲ ಮುಟ್ಟುವತನಕ ಕಾದು, ಎರಡು ಗಂಟೆ ಹೊಡೆದು, ಒಳಗೆ ತಿರುಗಿ ಟಿಕೇಟು ಕೊಡತೊಡಗಿದ. ಬಸ್ಸು ಹೋಯಿತು. ಅವನು ತಿರುಗಿ ನೋಡಲಿಲ್ಲ.

ಆ ಹೆಂಗಸು ಗೇಟಿನ ಮುಂದೆ ನಿಂತು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. "ನೀವೂ ತೋರಿಸ್ಕೊಳ್ಳಾಕ ಬಂದೀರೇನ್ರಿ?" ಎಂದು ಕೇಳಿದರು. ಅಲ್ಲ, ನಾನು ಇಲ್ಲಿಯ ನೌಕರ ಎಂದು ಹೇಳಬೇಕಿತ್ತು. ಅವರ ಕೈ ಗೇಟಿನ ಚಿಲಕದ ಮೇಲೆ ಇನ್ನೂ ಅನುಮಾನಿಸುತ್ತಿತ್ತು.

"ಹೌದ್ರಿ ಅಕ್ಕಾರ," ಎಂದೆ. "ಬರ್ರಿ, ಕೂಡೇ ಒಳಗ ಹೋಗೂಣು."